ಟಿಕ್ ಅಂದ ಮೇಲೆ ಕೊಡಲೇಬೇಕು

ನವೆಂಬರ್ ೩, ಸೋಮವಾರ

ಬೆಳಿಗ್ಗೆ ಚಿಕ್ಕಮ್ಮನ ಕೈಯ ಪ್ಲಾಸ್ಟರಿನ ಮೇಲೆ ಅರಿಶಿನದ ಒಂದು ಬೆರಳಚ್ಚು ಕಂಡಿತು. ಎಡಗೈಯ ಹೆಬ್ಬೆರಳಿನದು. ಅಂದರೆ ನಾನು ಏಳುವುದರೊಳಗೆ ಒಂಟಿ ಕೈಯಲ್ಲಿ ಒಗ್ಗರಣೆ ಹಾಕಿ ಮುಗಿಸಿದ್ದಾರೆ. ನಾನು ನೋಡಿದ್ದು ಗೊತ್ತಾಗಿ ಸೆರಗು ಎಳೆದು ಮುಚ್ಚಿಕೊಂಡರು. ನಾನೂ ಕೇಳಲಿಲ್ಲ. ಸಹಾಯಕ್ಕೆಂದು ನಾಸಿಕದಿಂದ ಬಂದು ಮೂರು ದಿನವಾಯಿತು. ಇಲ್ಲಿಯವರೆಗೆ ನಾನು ಮಾಡಿದ ದೊಡ್ಡ ಸಹಾಯವೆಂದರೆ ಏನನ್ನೂ ಕೇಳದೆ ಇದ್ದದ್ದು.

ಇವರ ಮನೆ ಚಿಕ್ಕಪ್ಪನ ಹೋಟೆಲಿನ ಮೇಲೆಯೇ. ಸಂಭಾಜಿನಗರದ ಹತ್ತಿರದ ಈ ವಾಳೂಜಿನ ಕಾರ್ಖಾನೆಗಳಲ್ಲಿ ಪಾಳಿ ಬದಲಾದಾಗಲೆಲ್ಲ ಕೆಳಗೆ ಲೋಟ ತಟ್ಟೆಗಳ ಸದ್ದು ಏರುತ್ತದೆ, ಅರ್ಧ ಗಂಟೆಗೆ ಇಳಿಯುತ್ತದೆ. ಗಡಿಯಾರ ನೋಡಬೇಕಾಗಿಲ್ಲ.

ಚಿಕ್ಕಮ್ಮನ ಕೈ ಮುರಿದದ್ದು ಬನ್ಸ್‌ನಿಂದ. ಬನ್ಸ್ ಎಂದರೆ ನಾಯಿ. ಎರಡು ವರ್ಷದ ಹಿಂದೆ ಅಡಿಗೆಮನೆಯಲ್ಲಿ ಬನ್ಸ್ ಕರಿಯುವ ಹೊತ್ತಿಗೆ ಹಿಂಬಾಗಿಲಲ್ಲಿ ಬಂದು ಕೂತ ಬೀದಿಮರಿ. ಬಣ್ಣವೂ ಅದೇ, ಹದವಾಗಿ ಕೆಂಪು. ಕಳೆದ ಮಂಗಳವಾರ ತಿರುಗಾಡಲು ಹೋದಾಗ ಕಂಪನಿ ಬಸ್ಸೊಂದು ಪಕ್ಕದಲ್ಲೇ ಬ್ರೇಕ್ ಹಾಕಿ ಫುಸ್ ಎಂದಿತಂತೆ. ಇವನು ಹಾರಿದ. ಹಗ್ಗ ಚಿಕ್ಕಮ್ಮನ ಮಣಿಕಟ್ಟಿಗೆ ಸುತ್ತಿಕೊಂಡಿತ್ತು.

ಮಧ್ಯಾಹ್ನ ಊಟಕ್ಕೆ ಕೂತಾಗ ಚಿಕ್ಕಪ್ಪ ತೀರ್ಮಾನ ಹೇಳಿದರು. ಲಾಸಲಗಾಂವಿನಿಂದ ಹೋಟೆಲಿಗೆ ಬುಧವಾರ ಬುಧವಾರ ಟೆಂಪೋದಲ್ಲಿ ಈರುಳ್ಳಿ ಕಳಿಸುವ ಸಂಗಮನಾಥ ಸೇಠರಿಗೆ ಗೋದಾಮಿನ ಕಾವಲಿಗೆ ನಾಯಿ ಬೇಕಂತೆ.

"ಡಿಸೆಂಬರ್ ಹತ್ತಕ್ಕೆ ಪ್ಲಾಸ್ಟರ್ ತೆಗೀತಾರೆ. ಅವತ್ತು ಬುಧವಾರ. ಟೆಂಪೋದಲ್ಲಿ ಇವನೂ ಹೋಗ್ತಾನೆ. ಮಾತು ಕೊಟ್ಟಾಯ್ತು."

"ಅಲ್ಲಿ ಸರಪಳಿ ಹಾಕಿ ಕಟ್ತಾರೆ," ಎಂದರು ಚಿಕ್ಕಮ್ಮ.

"ಮತ್ತೆಂತ, ಉಯ್ಯಾಲೆಯಲ್ಲಿ ಕೂರಿಸ್ತಾರಾ? ನಿಂಗೆ ಇನ್ನೊಂದು ಕೈಯೂ ಮುರ್ಕೊಳ್ಬೇಕಾ?"

ಚಿಕ್ಕಮ್ಮ ಎಡಗೈಯ ಚಮಚದಲ್ಲಿ ಅನ್ನ ಕಲಸುತ್ತಲೇ ಇದ್ದರು. ತಿನ್ನಲಿಲ್ಲ.

ಇನ್ನೊಂದು ವಿಷಯ. ಇಲ್ಲಾದರೂ ಬರೆಯಬೇಕು. ನಾಸಿಕ ರೋಡಿನ ಶಾಲೆಯಲ್ಲಿ ಜನವರಿಯಿಂದ ಇಂಗ್ಲಿಷ್ ಪಾಠ ಮಾಡಲು ಒಬ್ಬರು ಬೇಕಾಗಿದ್ದರು. ಪ್ರಿನ್ಸಿಪಾಲ್ ಮೇಡಂ ಫೋನ್ ಮಾಡಿ, ಶನಿವಾರ ಹತ್ತಕ್ಕೆ ಒಂದು ಮಾದರಿ ಪಾಠ ಮಾಡಿ ತೋರಿಸಿ ಎಂದಿದ್ದರು. "ಬರುತ್ತೇನೆ" ಎಂದಿದ್ದೆ. ಶನಿವಾರ ಹತ್ತಕ್ಕೆ ನಾನಿದ್ದ ಬಸ್ಸು ಇತ್ತ ಬರುತ್ತ ಯೇವಲೆ ದಾಟುತ್ತಿತ್ತು. ಚಿಕ್ಕಮ್ಮನಲ್ಲಿಗೆ ಸೋಮವಾರ ಹೋದರೂ ಸಾಕು ಎಂದಿದ್ದಳು ಅಮ್ಮ. ಚಿಕ್ಕಮ್ಮನಿಗೆ ಕಷ್ಟ ಎಂದು ನಾನೇ ಹೊರಟುಬಿಟ್ಟೆ. ಮೇಡಂಗೆ ಹೇಳಲಿಲ್ಲ.

ಅಡಿಗೆಯ ಬಸವಕುಮಾರ ನನಗೂ ಚಿಕ್ಕಪ್ಪನ ಹಾಗೆ ಸಕ್ಕರೆಯಿಲ್ಲದ ಚಹಾ ಕಳಿಸುತ್ತಾನೆ. ಒಂದು ಮಾತು ಹೇಳಿದರೆ ಆಗುತ್ತದೆ. ಕುಡಿದೆ.

ನವೆಂಬರ್ ೫, ಬುಧವಾರ

ಪುಣೆಯ ಒಬ್ಬ ಹೆಂಗಸಿನ ವಿಡಿಯೊ ಸಿಕ್ಕಿತು. ನಾಯಿಗೆ ಕಲಿಸುವ ಕ್ಲಿಕ್ಕರ್ ಎಂಬ ಸಣ್ಣ ಡಬ್ಬಿಯ ಬಗ್ಗೆ. ಒತ್ತಿದರೆ ಟಿಕ್ ಎನ್ನುತ್ತದೆ. ನಾಯಿ ಸರಿಯಾದದ್ದು ಮಾಡಿದ ಆ ಗಳಿಗೆಗೇ ಒತ್ತಬೇಕು, ಕೂಡಲೇ ಒಂದು ಚೂರು ತಿಂಡಿ ಕೊಡಬೇಕು. ಬೈಯುವುದಿಲ್ಲ, ಜಗ್ಗುವುದಿಲ್ಲ. ಆ ಸದ್ದೆಂದರೆ "ಹೌದು, ಅದೇ" ಎಂದು ನಾಯಿಗೆ ಕ್ರಮೇಣ ತಿಳಿಯುತ್ತದೆ. ಒಂದೇ ಒಂದು ಕಟ್ಟುನಿಟ್ಟು. ಟಿಕ್ ಅಂದ ಮೇಲೆ ಕೊಡಲೇಬೇಕು. ಕೈತಪ್ಪಿ ಒತ್ತಿದರೂ ಕೊಡಬೇಕು.

ಮಾತಾಡಬೇಕಾಗಿಲ್ಲ ಎಂಬುದು ನನಗೆ ಬಹಳ ಹಿಡಿಸಿತು.

ಕ್ಲಿಕ್ಕರ್ ತರಿಸಲು ಹಾಕಿದ್ದೇನೆ, ಎರಡು ವಾರ ಎನ್ನುತ್ತಿದೆ. ಡಿಸೆಂಬರ್ ಹತ್ತರೊಳಗೆ ಇವನು ಎಳೆಯುವುದು ಬಿಟ್ಟರೆ ಚಿಕ್ಕಪ್ಪ ಮನಸ್ಸು ಬದಲಿಸಿಯಾರು. ಅಷ್ಟು ದಿನ ಎಲ್ಲಿದೆ? ಒತ್ತುವ ಬಾಲ್‌ಪೆನ್ನೂ ಟಿಕ್ ಎನ್ನುತ್ತದಲ್ಲ. ಎಂ.ಎ. ಮುಗಿಸಿದವಳ ಹತ್ತಿರ ಬೇರೇನಿಲ್ಲದಿದ್ದರೂ ಪೆನ್ನು ಇರುತ್ತದೆ.

ಇಡ್ಲಿಯನ್ನು ಕಡಲೆಗಾತ್ರಕ್ಕೆ ಹೆಚ್ಚಿಕೊಂಡು ತಾರಸಿಗೆ ಹೋದೆವು. ಟಿಕ್, ಇಡ್ಲಿ. ಟಿಕ್, ಇಡ್ಲಿ. ಬನ್ಸ್ ಮೊದಲನೆಯದನ್ನು ಮೂಸಿದ. ಎರಡನೆಯದನ್ನು ನೋಡಿದ. ಮೂರನೆಯದಕ್ಕೆ ಅತ್ತ ತಿರುಗಿ ಮಲಗಿದ.

ಚಿಕ್ಕಮ್ಮ ಮೆಟ್ಟಿಲ ಮೇಲೆ ಕೂತು ನೋಡುತ್ತಿದ್ದರು. "ಅವನಿಗೆ ಬೆಳಿಗ್ಗೆ ಬಸವಕುಮಾರ ಎರಡು ಇಡ್ಲಿ ಹಾಕಿದ್ದಾನೆ ಮಾರಾಯ್ತಿ. ನಾನು ಒಂದು ದೋಸೆ ಕೊಟ್ಟೆ. ನಿನ್ನ ಚಿಕ್ಕಪ್ಪ ಪೇಪರ್ ಓದುವಾಗ ಚಪಾತಿ ಹಾಕ್ತಾರೆ, ನಾನು ನೋಡ್ಲಿಲ್ಲ ಅಂತ ಗ್ರಹಿಸಿದ್ದಾರೆ."

ನವೆಂಬರ್ ೭, ಶುಕ್ರವಾರ

ಎರಡು ದಿನ ಲೆಕ್ಕವಿಟ್ಟು ನೋಡಿದೆ. ಈ ನಾಯಿ ದಿನಕ್ಕೆ ಹನ್ನೊಂದು ಸಲ ತಿನ್ನುತ್ತದೆ. ಹೋಟೆಲಿನವರಿಗೆ ಒಂದು ಸ್ವಭಾವವಿದೆ. ನಾಸಿಕದಲ್ಲಿ ಹೋಟೆಲಿಟ್ಟಿರುವ ನನ್ನ ಅಪ್ಪನಿಗೂ ಇದೆ. ಹಿಂಬಾಗಿಲಿಗೆ ಯಾರು ಬಂದರೂ ಮೊದಲು ಬಡಿಸುವುದು, ಆಮೇಲೆ "ಏನು ಬೇಕಿತ್ತು?" ಎಂದು ಕೇಳುವುದು. ವಿದ್ಯುತ್ ಬಿಲ್ಲಿನವನಿಗೂ ಹಾಗೆಯೇ, ನಾಯಿಗೂ ಹಾಗೆಯೇ. ಹೊಟ್ಟೆ ತುಂಬಿದವನು ಇಡ್ಲಿ ಚೂರಿಗೆ ಯಾಕೆ ಕಲಿತಾನು?

ಹೇಳಬೇಕು. ಅಡಿಗೆಮನೆಯಲ್ಲಿ ಏಳು ಜನ. ಎಲ್ಲರೂ ಒಟ್ಟಿಗೆ ತಿರುಗಿ ನೋಡುತ್ತಾರೆ.

ಒಂದು ಹಾಳೆಯಲ್ಲಿ ಬರೆದೆ. ಕನ್ನಡ, ಮರಾಠಿ, ಹಿಂದಿ, ಮೂರರಲ್ಲೂ. ಬನ್ಸ್‌ಗೆ ದಯವಿಟ್ಟು ಯಾರೂ ತಿಂಡಿ ಹಾಕಬಾರದು, ಬೆಳಿಗ್ಗೆ ಮತ್ತು ಸಂಜೆ ಊಟವನ್ನು ನಾನೇ ಹಾಕುತ್ತೇನೆ, ಇತಿ ಅಕ್ಷಿತಾ. ಬೆಳಿಗ್ಗೆ ಯಾರೂ ಇಲ್ಲದಾಗ ಅನ್ನದ ಪಾತ್ರೆಯ ಮೇಲಿನ ಗೋಡೆಗೆ ಅಂಟಿಸಿ ಓಡಿ ಬಂದೆ.

ಹತ್ತು ಗಂಟೆಗೆ ಬಸವಕುಮಾರ ಬಾಗಿಲಿಗೆ ಬಂದು, "ಅಕ್ಕಾರ, ನೀವು ಬರದಿದ್ದು ನೋಡಿದೆ. ಅಕ್ಷರ ಮುತ್ತ್ ಪೋಣಿಸಿದಂಗ ಅದಾವ ನೋಡ್ರಿ!" ಎಂದ. ಅವನ ಕೈಯಲ್ಲಿ ಅರ್ಧ ರೊಟ್ಟಿ ಇತ್ತು. ಹೊಗಳುತ್ತ ಹೊಗಳುತ್ತಲೇ ಬನ್ಸ್‌ಗೆ ಹಾಕಿದ.

ಮಧ್ಯಾಹ್ನ ಹಬೆಗೆ ಹಾಳೆ ಬಿತ್ತು. ಸಂಜೆ ನೋಡಿದರೆ ನಾಲ್ಕಾಗಿ ಮಡಚಿ ಮೂರನೆಯ ಟೇಬಲ್ಲಿನ ಕುಂಟು ಕಾಲಿಗೆ ಕೊಟ್ಟಿದ್ದರು. ಟೇಬಲ್ಲು ಈಗ ಅಲುಗಾಡುವುದಿಲ್ಲ.

ನವೆಂಬರ್ ೧೦, ಸೋಮವಾರ

ಹೇಳಿದೆ.

ಹೇಳಬೇಕೆಂದು ಹೋಗಿರಲಿಲ್ಲ. ಬಸವಕುಮಾರ ಸಾಂಬಾರಿನ ಅನ್ನ ಹಾಕುತ್ತಿದ್ದುದು ಕಂಡಿತು, ತುಂಬ ಈರುಳ್ಳಿ. ಈರುಳ್ಳಿ ನಾಯಿಯ ರಕ್ತಕ್ಕೆ ಕೆಟ್ಟದ್ದು ಎಂದು ರಾತ್ರಿಯಷ್ಟೇ ಓದಿದ್ದೆ. "ಬೇಡ! ಅದು ವಿಷ!" ಎಂದುಬಿಟ್ಟೆ. ಸೌಟು ಹಿಡಿದ ಏಳು ಕೈ ಹಾಗೇ ನಿಂತವು.

"ಏನ್ರಿ ಅಕ್ಕಾರ, ನನ್ನ ಸಾಂಬಾರಕ್ಕ ವಿಷ ಅಂತೀರಿ?"

"ನಿಮ್ಮ ಸಾಂಬಾರಿಗಲ್ಲ. ಈರುಳ್ಳಿಗೆ. ನಾಯಿಗೆ."

"ಹಸದ ಪ್ರಾಣಿ ಮಾರಿ ನೋಡ್ಕೋತ ನಾ ರೊಟ್ಟಿ ಬಡೀಲಿ ಹ್ಯಾಂಗ್ರಿ?"

"ಹಸಿದಿರಲಿ ಸ್ವಲ್ಪ. ಇಲ್ಲದಿದ್ದರೆ ಬರುವ ತಿಂಗಳು ಹತ್ತನೇ ತಾರೀಕಿಗೆ ಲಾಸಲಗಾಂವಿನಲ್ಲಿ ಈರುಳ್ಳಿಯ ನಡುವೆಯೇ ಇರುತ್ತಾನೆ. ನಿಮ್ಮ ರೊಟ್ಟಿಯೂ ಇರುವುದಿಲ್ಲ."

ಅವನು ಉಳಿದವರಿಗೆ ಮರಾಠಿಯಲ್ಲಿ ಕೂಗಿ ಹೇಳಿದ. ನಾನು ಮೇಲೆ ಬಂದು ಎರಡು ಲೋಟ ನೀರು ಕುಡಿದೆ.

ನವೆಂಬರ್ ೧೩, ಗುರುವಾರ

ಹಸಿವೆಯೆಂದರೆ ಎಂಥ ಮೇಷ್ಟ್ರು! ಬೆಳಿಗ್ಗೆ ಊಟಕ್ಕೆ ಮೊದಲು ತಾರಸಿಯಲ್ಲಿ ಟಿಕ್ ಎಂದ ಕೂಡಲೇ ಬನ್ಸ್‌ನ ನೆಟ್ಟಗಿರುವ ಕಿವಿ ತಿರುಗಿತು. ಮಡಚಿಕೊಂಡ ಇನ್ನೊಂದು ಕಿವಿಯೂ ಎದ್ದು ನಿಂತಿತು. ಇಡ್ಲಿ ಬಿಟ್ಟು ಪನೀರಿಗೆ ಬಂದಿದ್ದೇವೆ. ಬಸವಕುಮಾರನೇ ಕೊಟ್ಟದ್ದು, ತಾನೇ ಸಣ್ಣಗೆ ಹೆಚ್ಚಿ, ಪರೀಕ್ಷೆಗೆ ಹೋಗುವ ಮಗುವಿಗೆ ಡಬ್ಬಿ ಕಟ್ಟಿದ ಹಾಗೆ.

ಕೂತರೆ ಟಿಕ್. ನನ್ನ ಮುಖ ನೋಡಿದರೆ ಟಿಕ್. ಮೂರು ನಿಮಿಷ, ಅಷ್ಟೇ. ದಿನಕ್ಕೆ ನಾಲ್ಕು ಸಲ.

ಅವನು ಯೋಚಿಸುವುದು ಕಾಣುತ್ತದೆ. "ಈಗ ಏನು ಮಾಡಿದೆ ನಾನು?" ಎಂದು ಹಿಂದೆ ಹೋಗಿ ಹುಡುಕಿಕೊಂಡು ಬಂದು, ಅದನ್ನೇ ಮತ್ತೆ ಮಾಡಿ ತೋರಿಸುತ್ತಾನೆ. ಚಿಕ್ಕಮ್ಮ ನಗುತ್ತಾರೆ. ಬಿದ್ದ ಮೇಲೆ ನಕ್ಕದ್ದು ಇದೇ ಮೊದಲು ಇರಬೇಕು.

ಇವತ್ತು ಬಹಳ ಖುಷಿ. ಚಹಾ ಸಿಹಿಯಾಗಿತ್ತು, ನಾನೇ ಹೇಳಿ ಒಂದು ಚಮಚ ಸಕ್ಕರೆ ಹಾಕಿಸಿಕೊಂಡಿದ್ದೆ.

ನವೆಂಬರ್ ೧೬, ಭಾನುವಾರ

ಎಂಥ ದಡ್ಡಿ ನಾನು.

ಭಾನುವಾರ ಮಧ್ಯಾಹ್ನ ಸಂಭಾಜಿನಗರದ ಕಡೆಯಿಂದ ಸಂಸಾರ ಸಮೇತ ಜನ ಬರುತ್ತಾರೆ. ಹೋಟೆಲು ತುಂಬಿತ್ತು. ಹಿಂಬಾಗಿಲು ಹೇಗೋ ತೆರೆದಿತ್ತು. ಬಡಿಸುವ ಅಕ್ಷಯ ಆರ್ಡರ್ ಬರೆದುಕೊಳ್ಳಲು ಪೆನ್ನು ತೆಗೆದು ಟಿಕ್ ಎನ್ನಿಸಿದ. ಬನ್ಸ್ ಒಳಗೆ ಬಂದು ಅವನೆದುರು ಚೆನ್ನಾಗಿ ಕೂತ. ತಲೆಯೆತ್ತಿ ಕಾದ. ಅಕ್ಷಯ ಬರೆದುಕೊಂಡು ಹೋಗಿಬಿಟ್ಟ. ಅಷ್ಟರಲ್ಲಿ ಐದನೆಯ ಟೇಬಲ್ಲಿನಲ್ಲಿ ಟಿಕ್. ಅಲ್ಲಿಗೆ ಹೋಗಿ ಕೂತ. ಎಂಟರಲ್ಲಿ ಟಿಕ್. ಒಬ್ಬ ಹೆಂಗಸು ಎರಡೂ ಕಾಲನ್ನು ಕುರ್ಚಿಯ ಮೇಲೆ ಎತ್ತಿಟ್ಟು "ಅಗಬಾಯೀ!" ಎಂದಳು.

ಬಿಲ್ಲಿನ ಗಲ್ಲೆಯಲ್ಲಿ ಕೂತ ಚಿಕ್ಕಪ್ಪನಿಗೆ ಸಿಟ್ಟು ಬಂದರೆ ಮಾತು ನಿಂತು ಹೆಬ್ಬೆರಳು ಓಡುತ್ತದೆ. ಪೆನ್ನು ಟಿಕ್ ಟಿಕ್ ಟಿಕ್ ಟಿಕ್. ಬನ್ಸ್ ಎಲ್ಲರನ್ನೂ ಬಿಟ್ಟು ನೇರ ಗಲ್ಲೆಗೆ ಓಡಿದ. ನಾಲ್ಕು ಚೂರು ಬರಬೇಕಲ್ಲ! ಕೂತ, ಮುಖ ನೋಡಿದ, ಬಾಲದಲ್ಲಿ ನೆಲ ಗುಡಿಸಿದ.

"ಇವನೆಂತ ನನ್ನ ಮುಖ ನೋಡುದು?"

"ನೀವು ಟಿಕ್ ಅಂದಿರಿ ಚಿಕ್ಕಪ್ಪ."

"ಅಂದ್ರೆ?"

"ಅಂದರೆ ಕೊಡಬೇಕು."

ಗಿರಾಕಿಗಳು ನಕ್ಕರು. ಅದೇ ತಪ್ಪಾಯಿತು. ಚಿಕ್ಕಪ್ಪ ಕೆಂಪಾದರು. "ಕೊಡ್ತೇನೆ! ಹತ್ತನೇ ತಾರೀಕಿನವರೆಗೂ ಕಾಯುದು ಬೇಡ. ಈ ಬುಧವಾರವೇ ಟೆಂಪೋ ಹತ್ತಿಸ್ತೇನೆ."

"ಹತ್ತನೇ ತಾರೀಕು ಅಂತ ಹೇಳಿದ್ದೀರಿ," ಎಂದೆ. ನನ್ನದೇ ಸ್ವರವೇ ಎಂದು ಅನುಮಾನ ಬರುವಷ್ಟು ಸಣ್ಣಗೆ, ಆದರೆ ಎಂದೆ.

ಚಿಕ್ಕಪ್ಪ ಪೆನ್ನು ಮೇಜಿನ ಮೇಲಿಟ್ಟರು. "ಹೇಳಿದ್ದೇನೆ. ಹೌದು," ಎಂದು, ಬಿಲ್ಲಿನ ಕಡೆ ತಿರುಗಿದರು.

ನವೆಂಬರ್ ೧೭, ಸೋಮವಾರ

ತಾರಸಿಯಲ್ಲಿ ಟಿಕ್ ಎಂದೆ. ಬನ್ಸ್ ನನ್ನನ್ನು ನೋಡಲೂ ಇಲ್ಲ.

ನಿನ್ನೆ ಎಷ್ಟು ಸಲ ಕೂತನೋ, ಎಷ್ಟು ಸಲ ಕಾದನೋ. ಯಾರೂ ಕೊಡಲಿಲ್ಲ. ಆ ಸದ್ದು ಈಗ ಅವನಿಗೆ ಸದ್ದು ಮಾತ್ರ.

ಹತ್ತು ದಿನ ನೀರಲ್ಲಿ ಹೋಯಿತು.

ನವೆಂಬರ್ ೧೯, ಬುಧವಾರ

ಕ್ಲಿಕ್ಕರ್ ಬಂತು. ಹಸಿರು ಬಣ್ಣ, ಹುಣಸೆಬೀಜಕ್ಕಿಂತ ಸ್ವಲ್ಪ ದೊಡ್ಡ ಗುಂಡಿ. ಇದರ ಸದ್ದು ಪೆನ್ನಿನ ಹಾಗಲ್ಲ. ತಗಡು ಬಗ್ಗಿ ಮರಳಿದಂತೆ ಎರಡು ಏಟಿನ ಸದ್ದು, ಟಿಕ್-ಟಕ್. ಈರುಳ್ಳಿ ಟೆಂಪೋ ಬಂದು ಮೂಟೆ ಇಳಿಸಿ ಹೋಗುವವರೆಗೂ ಬನ್ಸ್‌ನನ್ನು ತಾರಸಿಯಲ್ಲಿಟ್ಟುಕೊಂಡು ಅಆಇಈಯಿಂದ ಶುರು ಮಾಡಿದೆ. ಇಪ್ಪತ್ತನೆಯ ಪನೀರಿಗೆ ಕಿವಿ ಎದ್ದಿತು.

ಮಧ್ಯಾಹ್ನ ಕೆಳಗಿಳಿದಾಗ ಏನೋ ಬದಲಾಗಿದೆ ಅನಿಸಿತು. ಹೋಟೆಲಿನ ಸದ್ದು ಎಂದಿಗಿಂತ ಮೆತ್ತಗಿತ್ತು. ನೋಡುತ್ತ ನಿಂತ ಮೇಲೆ ಹೊಳೆಯಿತು. ಅಕ್ಷಯನ ಕಿವಿಯ ಹಿಂದೆ ನೀಲಿ ಕ್ಯಾಪಿನ ಪೆನ್ನು. ಆಚೆಯವನ ಜೇಬಿನಲ್ಲೂ ಅದೇ. ಬಡಿಸುವ ಐವರ ಹತ್ತಿರವೂ ಕ್ಯಾಪ್ ಪೆನ್ನು. ಒತ್ತುವ ಪೆನ್ನು ಒಂದೂ ಇಲ್ಲ.

"ಅಣ್ಣಾಂನೀ ದಿಲೇ," ಎಂದ ಅಕ್ಷಯ, ಅಣ್ಣಾ ಕೊಟ್ಟದ್ದು ಎಂದು. ಚಿಕ್ಕಪ್ಪನನ್ನು ಇಲ್ಲಿ ಎಲ್ಲರೂ ಅಣ್ಣಾ ಎನ್ನುತ್ತಾರೆ. "ಒಂದು ಡಬ್ಬಿ ಪೂರಾ ತಂದು ಹಂಚಿದರು. ಹಳೆಯದೆಲ್ಲ ವಾಪಸು ತೆಗೆದುಕೊಂಡರು."

ಗಲ್ಲೆಯಲ್ಲಿ ಚಿಕ್ಕಪ್ಪನ ಕೈಯಲ್ಲೂ ಕ್ಯಾಪ್ ಪೆನ್ನೇ. ಹೆಬ್ಬೆರಳು ಅಭ್ಯಾಸಬಲದಿಂದ ಪೆನ್ನಿನ ತುದಿ ಒತ್ತುತ್ತಿತ್ತು. ಅಲ್ಲಿ ಒತ್ತಲು ಏನೂ ಇರಲಿಲ್ಲ.

ಹೊಸ ಕ್ಲಿಕ್ಕರಿನ ಸದ್ದೇ ಬೇರೆ, ಪೆನ್ನು ಬದಲಿಸಬೇಕಾಗಿರಲಿಲ್ಲ ಎಂದು ಹೇಳಲು ಗಲ್ಲೆಯವರೆಗೆ ಹೋದೆ. "ಎಂತ?" ಎಂದರು. "ಏನಿಲ್ಲ," ಎಂದು ಬಂದೆ.

ನವೆಂಬರ್ ೨೪, ಸೋಮವಾರ

ಹಗ್ಗದ ಪಾಠ. ಹಗ್ಗ ಸಡಿಲವಾಗಿದ್ದಷ್ಟು ಹೊತ್ತು ನಡೆಯುವುದು, ಸಡಿಲವಾಗಿದ್ದಾಗಲೇ ಟಿಕ್-ಟಕ್, ಪನೀರು ನನ್ನ ಎಡಗಾಲಿನ ಪಕ್ಕದಲ್ಲೇ. ಎಳೆದರೆ ಮರದ ಹಾಗೆ ನಿಲ್ಲುವುದು. ಬೈಯುವುದಿಲ್ಲ, ಹಿಂದಕ್ಕೆ ಜಗ್ಗುವುದೂ ಇಲ್ಲ. ಅವನೇ ತಿರುಗಿ ನೋಡಿದಾಗ ಮತ್ತೆ ಹೊರಡುವುದು.

ಮೊದಲು ತಾರಸಿ. ಆಮೇಲೆ ಮೆಟ್ಟಿಲು, ಮೆಟ್ಟಿಲಿಗೇ ಎರಡು ದಿನ. ಇವತ್ತು ಓಣಿ. ಕಸದ ಗಾಡಿ, ಎರಡು ಬೆಕ್ಕು, ಒಬ್ಬ ತರಕಾರಿಯವನು, ಎಲ್ಲವನ್ನೂ ದಾಟಿದ. ಒಂದು ಆಡಿನ ಮುಂದೆ ಮಾತ್ರ ಸೋತ. ಆ ಆಡು ನೋಡಿದ ನೋಟಕ್ಕೆ ನಾನೂ ಸೋಲುತ್ತಿದ್ದೆ.

ಚಿಕ್ಕಮ್ಮ ಬಾಲ್ಕನಿಯಿಂದ ಎಡಗೈಯಲ್ಲಿ ಚಪ್ಪಾಳೆ ಹೊಡೆಯುವ ಹಾಗೆ ತೊಡೆ ತಟ್ಟುತ್ತಿದ್ದರು.

ನವೆಂಬರ್ ೨೭, ಗುರುವಾರ

ಬಸ್ಸು ಫುಸ್ ಎಂದಿತು. ಇವನು ಎಳೆದ ಎಳೆತಕ್ಕೆ ನಾನು ರಸ್ತೆಬದಿಯಲ್ಲಿ ಕೂತೇಬಿಟ್ಟೆ. ಹಗ್ಗ ಕೈಗೆ ಸುತ್ತಿಕೊಂಡಿರಲಿಲ್ಲ, ಅದೊಂದು ಪುಣ್ಯ. ಅಂಗೈ ತರಚಿದೆ. ಮನೆಯಲ್ಲಿ ಹೇಳಿಲ್ಲ.

ಬಸ್ಸು ಒಂದೇ ಉಳಿದಿರುವುದು, ಆದರೆ ಕೈ ಮುರಿದದ್ದೂ ಬಸ್ಸಿನಿಂದಲೇ. ಹದಿಮೂರು ದಿನ ಇದೆ.

ನವೆಂಬರ್ ೩೦, ಭಾನುವಾರ

ನಿಂತ ಬಸ್ಸು ಬೇಕಾಗಿತ್ತು, ದೂರದಲ್ಲಿ, ನಾವು ಹೇಳಿದಾಗ ಫುಸ್ ಎನ್ನುವಂಥದ್ದು. ಶುಕ್ರವಾರ ಬೆಳಿಗ್ಗೆ ಪಾಳಿಯವರಿಗಾಗಿ ಕಾಯುತ್ತ ನಿಂತ ಕಂಪನಿ ಬಸ್ಸಿನ ಹತ್ತಿರ ಹೋಗಿ ಡ್ರೈವರನನ್ನು ಕೇಳಿದೆ. ಹೆಸರು ನಿತೀಶ್. ಕಿಟಕಿಯಲ್ಲಿ ಬಗ್ಗಿ, "ಬ್ರೇಕ್ ಸುಮ್ಮನೆ ಫುಸ್ ಅನ್ನಿಸಬೇಕಾ? ಯಾಕೆ ತಾಯೀ?" ಎಂದು ಮರಾಠಿಯಲ್ಲಿ ಕೇಳಿದ. ಹೇಳಿದೆ. ಬಸ್ಸಿನಲ್ಲಿದ್ದ ಹತ್ತು ಹನ್ನೆರಡು ಜನರೂ ಕಿಟಕಿಗೆ ಬಂದರು. ಅವರಿಗೆ ಕೇಳಿಸುವ ಹಾಗೆ ಮೊದಲಿನಿಂದ ಹೇಳಬೇಕಾಯಿತು. ಕ್ಲಿಕ್ಕರ್ ತೋರಿಸಿದೆ. ಒಬ್ಬರು "ಇದನ್ನು ನಮ್ಮ ಸೂಪರ್‌ವೈಸರಿಗೆ ಕೊಡಿ, ಅವನು ಬೈಯುವುದೊಂದೇ ಕಲಿತಿದ್ದಾನೆ" ಎಂದರು. ಇನ್ನೊಬ್ಬರು, "ಪನೀರು ಸಿಗುವುದಾದರೆ ನಾನೂ ಕೂರುತ್ತೇನೆ" ಎಂದರು.

ನಲವತ್ತು ಹೆಜ್ಜೆ ದೂರದಿಂದ ಶುರು. ಫುಸ್, ಬನ್ಸ್ ಬಸ್ಸು ನೋಡಿದ ಕೂಡಲೇ ಟಿಕ್-ಟಕ್, ಪನೀರು. ಇಂದು ಹದಿನೈದು ಹೆಜ್ಜೆಗೆ ಬಂದಿದ್ದೇವೆ. ಫುಸ್ ಎಂದರೆ ಈಗ ಬಸ್ಸನ್ನು ಒಮ್ಮೆ ನೋಡಿ ನನ್ನ ಕಡೆ ತಿರುಗುತ್ತಾನೆ, "ಕೇಳಿತಲ್ಲ, ತಾ" ಎಂಬಂತೆ. ನಿತೀಶನಿಗೆ ನನಗಿಂತ ಉಮೇದು. ಹಾರ್ನನ್ನೂ ಅಭ್ಯಾಸ ಮಾಡಿಸೋಣ ಎನ್ನುತ್ತಿದ್ದಾನೆ. ಬೇಡ ಎಂದು ಗದರಿದೆ.

ಬನ್ಸ್ ನಿಜವಾಗಿ ಬಹಳ ಬದಲಾಗಿದ್ದಾನೆ.

ಡಿಸೆಂಬರ್ ೪, ಗುರುವಾರ

ಅಮ್ಮನ ಫೋನು. ಆ ಪ್ರಿನ್ಸಿಪಾಲ್ ಮೇಡಂ ನಮ್ಮ ಹೋಟೆಲಿಗೆ ಕಾಫಿಗೆ ಬಂದಿದ್ದರಂತೆ. ಅಪ್ಪನ ಹತ್ತಿರ ನನ್ನನ್ನು ಕೇಳಿದರಂತೆ.

"ಬೈದ್ರಾ?"

"ಇಲ್ಲ. ಹುಷಾರಿಲ್ವಾ ಹುಡುಗಿಗೆ, ಅಂತ ಕೇಳಿದ್ರು. ಅವತ್ತು ಎಂಟನೇ ತರಗತಿ ಮಕ್ಕಳನ್ನು ಕೂರಿಸಿ, ಹೊಸ ಟೀಚರ್ ಬರ್ತಾರೆ ಅಂತ ಹೇಳಿದ್ರಂತೆ. ಅರ್ಧ ಗಂಟೆ ಸುಮ್ಮನೆ ಕೂತಿದ್ವಂತೆ ಮಕ್ಕಳು." ಅಮ್ಮ, "ಜನವರಿಗೆ ಇನ್ನೂ ಯಾರೂ ಸಿಗ್ಲಿಲ್ಲವಂತೆ. ನೀನು ಹೀಗೆ ಮಾಡಿದ್ದು ನಂಗೆ ಗೊತ್ತೇ ಇರ್ಲಿಲ್ಲ ಮಗಾ," ಎಂದಳು.

ಬಾಗಿಲ ಕಡೆ ನೋಡುತ್ತ ಕೂತ ಮಕ್ಕಳು. ಅಕ್ಷಯನೆದುರು ತಲೆಯೆತ್ತಿ ಕಾದ ಬನ್ಸ್ ಯಾಕೋ ನೆನಪಾದ.

ಇವತ್ತು ಇಷ್ಟೇ.

ಡಿಸೆಂಬರ್ ೭, ಭಾನುವಾರ

ಚಿಕ್ಕಮ್ಮ ಎಡಗೈಯಲ್ಲಿ ಹಗ್ಗ ಹಿಡಿದು ಓಣಿಯ ತುದಿಯವರೆಗೆ ಹೋಗಿ ಬಂದರು. ನಾನು ಪಕ್ಕದಲ್ಲಿ ಕ್ಲಿಕ್ಕರ್ ಹಿಡಿದು ನಡೆದೆ. ಕೆಲವು ಸಲ ನನ್ನ ಹೆಬ್ಬೆರಳು ತಡವಾಗುತ್ತದೆ. ಚಿಕ್ಕಮ್ಮ ನಾಲಿಗೆಯಲ್ಲೇ ಟಕ್ ಎಂದುಬಿಡುತ್ತಾರೆ. ಅವನು ಅದನ್ನೂ ಒಪ್ಪಿಕೊಳ್ಳುತ್ತಾನೆ, ಪನೀರು ಬರುತ್ತದಲ್ಲ. ಇಬ್ಬರಿಗೂ ಒಂದೇ ನಿಯಮ ಮಾಡಿಕೊಂಡಿದ್ದೇವೆ. ಯಾರು ಟಿಕ್ ಎಂದರೋ ಅವರೇ ಕೊಡಬೇಕು.

ಚಿಕ್ಕಪ್ಪ ಈ ಕಡೆ ನೋಡುವುದೇ ಇಲ್ಲ. ನಿನ್ನೆ ಫೋನಿನಲ್ಲಿ ಸಂಗಮನಾಥ ಸೇಠರಿಗೆ, "ಹೌದು ಹೌದು, ಬುಧವಾರ," ಎನ್ನುತ್ತಿದ್ದರು. ಅವರ ಬಿಳಿ ಅಂಗಿಯ ಜೇಬಿನಲ್ಲಿ ಈಚೆಗೆ ಒಂದು ಎಣ್ಣೆಯ ಕಲೆ. ಒಗೆಯಲು ಹಾಕುವಾಗ ದಿನವೂ ಅದೇ ಜಾಗದಲ್ಲಿ ಕಾಣುತ್ತದೆ. ವಡೆ ತಿನ್ನಬಾರದು ಎಂದಿದ್ದಾರೆ ಡಾಕ್ಟರು. ಚಿಕ್ಕಮ್ಮನಿಗೆ ಹೇಳಲಿಲ್ಲ.

ಡಿಸೆಂಬರ್ ೧೦, ಬುಧವಾರ

ಬೆಳಿಗ್ಗೆ ಪ್ಲಾಸ್ಟರ್ ತೆಗೆದರು. ಒಳಗಿದ್ದ ಕೈ ಬೇರೆ ಯಾರದ್ದೋ ಹಾಗೆ ತೆಳ್ಳಗೆ, ಬೆಳ್ಳಗೆ. ಚಿಕ್ಕಮ್ಮ ಅದನ್ನು ಮಗುವಿನಂತೆ ಮಡಿಲಲ್ಲಿಟ್ಟುಕೊಂಡು ರಿಕ್ಷಾದಲ್ಲಿ ಕೂತರು.

ಬರುವಷ್ಟರಲ್ಲಿ ಟೆಂಪೋ ಬಂದಿತ್ತು. ಮೂಟೆಗಳನ್ನು ಇಳಿಸಿದ ಮೇಲೆ ಡ್ರೈವರು ಸೀಟಿನಡಿಯಿಂದ ಸರಪಳಿ ತೆಗೆದು ಹಿಂದಿನ ಕೊಂಡಿಗೆ ಸಿಕ್ಕಿಸಿಟ್ಟ. ಹೊಸ ಸರಪಳಿ.

ಚಿಕ್ಕಮ್ಮ ಗಲ್ಲೆಯ ಎದುರು ನಿಂತು ಹೇಳಿದರು, "ಮೂರು ಗಂಟೆ ಬಸ್ಸಿನ ಹೊತ್ತಿಗೆ ನಾನೊಬ್ಳೇ ಬೇವಿನಮರದವರೆಗೆ ತಿರುಗಾಡಿಸಿ ಬರ್ತೇನೆ. ಆಮೇಲೆ ನಿಮ್ಮ ಇಷ್ಟ."

"ಬಸ್ಸಿನ ಹೊತ್ತಿಗೇ ಯಾಕೆ? ಮಂಡೆ ಸಮ ಉಂಟಾ ನಿಂಗೆ?"

"ಬಿದ್ದದ್ದು ಅದೇ ಹೊತ್ತಿನಲ್ಲಿ ಅಲ್ವಾ?"

ಮೂರಕ್ಕೆ ಬಸವಕುಮಾರ ಒಲೆ ಸಣ್ಣ ಮಾಡಿ ಬಾಗಿಲಿಗೆ ಬಂದ. ಅಕ್ಷಯ ತಟ್ಟೆ ಹಿಡಿದೇ ನಿಂತ. ನಾನು ಓಣಿಯ ಈ ಕಡೆ, ಕ್ಲಿಕ್ಕರ್ ಮುಷ್ಟಿಯಲ್ಲಿ. ಚಿಕ್ಕಮ್ಮ ಎಡಗೈಯಲ್ಲಿ ಹಗ್ಗ ಹಿಡಿದು, ತೆಳ್ಳಗಿನ ಬಲಗೈಯನ್ನು ಎದೆಗೆ ಒತ್ತಿಕೊಂಡು, ಬೇವಿನಮರದವರೆಗೆ ಹೋಗಿ ತಿರುಗಿದರು. ಬಸ್ಸು ಬಂತು. ಅವರ ಪಕ್ಕದಲ್ಲೇ ನಿಂತಿತು. ಫುಸ್.

ಬನ್ಸ್‌ನ ಮೈ ಬಿಗಿಯಿತು. ಹಗ್ಗ ನೇರವಾಯಿತು. ಚಿಕ್ಕಮ್ಮ ಮರದಂತೆ ನಿಂತರು. ಒಂದು ಉಸಿರು, ಎರಡು ಉಸಿರು. ಆಮೇಲೆ ಅವನು ಕತ್ತು ಹೊರಳಿಸಿ ಚಿಕ್ಕಮ್ಮನ ಮುಖ ನೋಡಿದ. ಹಗ್ಗ ಬಟ್ಟೆ ಒಣಗಿಸುವ ಹಗ್ಗದ ಹಾಗೆ ಜೋತುಬಿತ್ತು.

ನನ್ನ ಹೆಬ್ಬೆರಳು ತಡವಾಯಿತು. ಆದರೆ ಟಕ್ ಎಂದು ಸದ್ದು ಬಂತು. ನಾಲಿಗೆಯ ಸದ್ದು. ಚಿಕ್ಕಮ್ಮನದಲ್ಲ, ನನ್ನ ಹಿಂದಿನಿಂದ, ಹೋಟೆಲಿನ ಮೆಟ್ಟಿಲಿನಿಂದ.

ಚಿಕ್ಕಪ್ಪನಿಗೆ ತಾನು ಏನು ಮಾಡಿದೆ ಎಂದು ಆಮೇಲೆ ಗೊತ್ತಾಗಿರಬೇಕು. ಎಲ್ಲರೂ ಅವರನ್ನೇ ನೋಡುತ್ತಿದ್ದೆವು. ಬನ್ಸ್ ಸಡಿಲ ಹಗ್ಗದಲ್ಲೇ ಚಿಕ್ಕಮ್ಮನ ಜೊತೆ ಮೆಟ್ಟಿಲವರೆಗೆ ನಡೆದು ಬಂದು ಅವರೆದುರು ಕೂತ. ಚಿಕ್ಕಪ್ಪ ಅಂಗಿಯ ಜೇಬಿಗೆ ಕೈಹಾಕಿ, ಕ್ಯಾಪ್ ಪೆನ್ನಿನ ಹಿಂದಿನಿಂದ ಒಂದು ಜಿಡ್ಡುಗಾಗದದ ಪೊಟ್ಟಣ ತೆಗೆದರು. ಪನೀರು. ಕಡಲೆಗಾತ್ರಕ್ಕೆ ಹೆಚ್ಚಿದ್ದು.

"ಟಿಕ್ ಅಂದ ಮೇಲೆ ಕೊಡ್ಬೇಕಲ್ಲ," ಎಂದರು ನನ್ನ ಕಡೆ ನೋಡಿ, ಬೈಯುವ ಸ್ವರದಲ್ಲಿ.

"ಎಷ್ಟು ದಿನದಿಂದ ನಡೀತಾ ಉಂಟು ಇದು?" ಎಂದರು ಚಿಕ್ಕಮ್ಮ.

"ಎಂತದ್ದು? ಸುಮ್ನೆ ಹೋಗಿ ಕೂತ್ಕೋ, ಕೈ ನೋಯ್ತದೆ."

ಬಸವಕುಮಾರ ಬಾಗಿಲಲ್ಲಿ ಕೂಗಿದ, "ಅಣ್ಣಾರ, ದಿನಾ ಕಾಲ್ ಕೆಜಿ ಪನೀರ್ ಎಲ್ಲಿ ಹೊಕ್ಕೈತಿ ಅಂತ ನಾ ಬೆಕ್ಕಿಗೆ ಬೈಯಾಕತ್ತಿದ್ನಲ್ರಿ!"

ಟೆಂಪೋದವನು ಸರಪಳಿಯನ್ನು ಕೈಯಲ್ಲಿ ತೂಗುತ್ತ, "ಹಾಗಾದರೆ ನಾಯಿ?" ಎಂದ.

"ಇಲ್ಲ. ನಾಯಿ ಬರುದಿಲ್ಲ."

"ಸೇಠರಿಗೆ ಒಂದು ಫೋನ್ ಮಾಡಿ ಹೇಳ್ಬಿಡಿ," ಎಂದರು ಚಿಕ್ಕಮ್ಮ.

"ಅದು ಫೋನಲ್ಲಿ ಹೇಳುವ ಮಾತಲ್ಲ. ಇಷ್ಟು ದಿನ ಬೇರೆ ನಾಯಿ ನೋಡದೆ ಕಾದಿದ್ದಾರೆ ಅವ್ರು. ಬರ್ತದೆ ಅಂದವ ನಾನು. ಎದುರು ನಿಂತು, ಆಗ್ಲಿಲ್ಲ, ತಪ್ಪಾಯ್ತು ಅನ್ಬೇಕು. ಬೈದ್ರೆ ಬೈಸ್ಕೊಂಡು ಬರ್ತೇನೆ." ಡ್ರೈವರನ ಕಡೆ ತಿರುಗಿ, "ನೀನು ಇವತ್ತು ಇಲ್ಲೇ ಉಳಿ. ಬೆಳಿಗ್ಗೆ ಆರಕ್ಕೆ ನಾನೂ ಬರ್ತೇನೆ," ಎಂದರು. ಆಮೇಲೆ ಗಲ್ಲೆಗೆ ಹೋಗಿ ಕೂತು ಹೆಬ್ಬೆರಳಿನಿಂದ ಪೆನ್ನಿನ ಕ್ಯಾಪು ಒತ್ತತೊಡಗಿದರು.

ಈಗ ಐದು ಗಂಟೆ. ಪಾಳಿಯ ಸದ್ದು ಕೆಳಗೆ ಇಳಿದಿದೆ. ಬನ್ಸ್ ಚಿಕ್ಕಮ್ಮನ ಕಾಲಬುಡದಲ್ಲಿ ಮಲಗಿದ್ದಾನೆ. ಕ್ಲಿಕ್ಕರನ್ನು ಕೀಲಿಗಳ ಮೊಳೆಗೆ ನೇತುಹಾಕಿದೆ. ಇನ್ನು ಅವರಿಗೇ ಬೇಕಾಗುವುದು.

ನೀಲಿ ಕುರ್ತಾ ಇಸ್ತ್ರಿ ಮಾಡಿಟ್ಟೆ. ಲಾಸಲಗಾಂವಿನಿಂದ ನಾಸಿಕ ರೋಡಿಗೆ ರೈಲಿದೆ, ಬಹಳ ಹೊತ್ತು ಬೇಡ. ನಾಳೆ ಗುರುವಾರ, ಶಾಲೆ ಇರುತ್ತದೆ. ಮೇಡಂ ಎದುರು ನಿಂತು ಮೊದಲು ಏನು ಹೇಳಬೇಕೆಂದು ಗೊತ್ತಿದೆ. ಆಮೇಲೆ, ಅವರು ಒಪ್ಪಿದರೆ, ಆ ಮಕ್ಕಳ ಎದುರು. ಬೇಡ ಎಂದರೂ ಹೇಳಿಯೇ ಬರಬೇಕು. ಚಿಕ್ಕಮ್ಮನಿಗೆ ಇನ್ನೂ ಹೇಳಿಲ್ಲ, ಚಹಾ ಆದ ಮೇಲೆ ಹೇಳುತ್ತೇನೆ.

ಟೆಂಪೋದ ಮುಂದಿನ ಸೀಟಿನಲ್ಲಿ ಮೂವರು ಕೂರಬಹುದು. ಕೆಳಗೆ ಹೋಗಿ ನೋಡಿಕೊಂಡು ಬಂದೆ.